ಎಪಿಎಲ್ ಕಾರ್ಡ್‌ನವರಿಗೆ ಅಂಗನವಾಡಿ ಊಟ ಸಿಗುತ್ತದಾ?

ಪ್ರಶ್ನೆ: ಹೆರಿಗೆಗೆ ಬೆಂಗಳೂರಿನಿಂದ ತವರಿಗೆ ಬಂದಿದ್ದೇನೆ, ಮದ್ದೂರಿನ ಹತ್ತಿರದ ಹಳ್ಳಿ. ಈಗ ಏಳು ತಿಂಗಳು. ನಮ್ಮದು ಎಪಿಎಲ್ ಕಾರ್ಡ್, ಅದೂ ಗಂಡನ ಮನೆಯದು. ಇಲ್ಲಿ ಅಂಗನವಾಡಿಯಲ್ಲಿ ಗರ್ಭಿಣಿಯರಿಗೆ ಕೊಡುವ ಮಾತೃಪೂರ್ಣ ಊಟ ನನಗೂ ಕೊಡುತ್ತಾರಾ? ಅಮ್ಮ 'ಸುಮ್ನೆ ಹೋಗಿ ಕೇಳು' ಅಂತಾರೆ. ನನಗೆ ಮುಜುಗರ.

ಉತ್ತರ 1: ಮುಜುಗರ ಯಾಕವ್ವಾ? ಊಟಕ್ಕೆ ಎಪಿಎಲ್, ಬಿಪಿಎಲ್ ನೋಡುವುದಿಲ್ಲ. ಗರ್ಭಿಣಿಯಾಗಿದ್ದರೆ ಸಾಕು. ಹೆರಿಗೆಯಾದ ಮೇಲೂ 6 ತಿಂಗಳು ಸಿಗುತ್ತದೆ. ತಾಯಿ ಕಾರ್ಡ್ (ಗರ್ಭಿಣಿಯ ತಪಾಸಣೆ ಬರೆಯುವ ಕಾರ್ಡ್), ಆಧಾರ್ ಹಿಡಿದು ಹೋಗಿ ಹೆಸರು ಬರೆಸು. ಬೆಂಗಳೂರಲ್ಲಿ ಬರೆಸಿದ್ದರೆ ಮೊದಲೇ ಹೇಳಿಬಿಡು.

ಉತ್ತರ 2: ಹೆರಿಗೆಗೆ ಕೇಂದ್ರ ಸರ್ಕಾರ ಕೊಡುವ ಮಾತೃವಂದನಾ ದುಡ್ಡಿನ ಲೆಕ್ಕ ಬೇರೆ. ಬಿಪಿಎಲ್ ಇಲ್ಲದಿದ್ದರೂ ಮನೆಯ ವರ್ಷದ ಆದಾಯ 8 ಲಕ್ಷದೊಳಗಿದ್ದರೆ ಅರ್ಜಿ ಹಾಕಬಹುದು. ಮೊದಲ ಮಗುವಿಗೆ 5,000 ರೂಪಾಯಿ. ಎರಡನೆಯದಕ್ಕೆ 6,000, ಆದರೆ ಹೆಣ್ಣಾದರೆ ಮಾತ್ರ. ಸರ್ಕಾರಿ ನೌಕರಿಯಲ್ಲಿದ್ದರೆ ಇಲ್ಲ.

ಪ್ರಶ್ನೆ ಕೇಳಿದವರು: ಇದು ಮೊದಲನೆಯದೇ. 8 ಲಕ್ಷವಾ? ನಮ್ಮ ಸಂಬಳ ಅದರ ಹತ್ತಿರಕ್ಕೂ ಬರುವುದಿಲ್ಲ! ಆದಾಯ ಪತ್ರ ಮಾಡಿಸಲು ಇವರಿಗೆ ಫೋನ್ ಮಾಡಿ ಹೇಳುತ್ತೇನೆ.