ಸ್ವಂತ ಬದುಕನ್ನೇ ಏಕವ್ಯಕ್ತಿ ಪ್ರಯೋಗವಾಗಿಸಿದವರು ಅನುಭವ ತಿಳಿಸಿ

ಕೇಳಿದವರು, ಧಾರವಾಡ: ನನಗೆ ಬಾಲ್ಯದಿಂದ ತೊನ್ನು ಇದೆ. ಬಂದ ಸಂಬಂಧಗಳು ಮುರಿದದ್ದು, ನೆರೆಮನೆಯಲ್ಲಿ ನನಗೆಂದೇ ಬೇರೆ ಲೋಟ ಇಟ್ಟದ್ದು, ಆದರೂ ರಂಗ ಬಿಡದೆ ಉಳಿದದ್ದು ಇವನ್ನೆಲ್ಲ ಯಾವ ತಂಡದ ಆಸರೆಯೂ ಇಲ್ಲದೆ ಪ್ರಯೋಗವಾಗಿ ಕಟ್ಟುತ್ತಿದ್ದೇನೆ. ಮನೆಯವರ ವಿಷಯವನ್ನು ಎಷ್ಟು ಹೇಳಬಹುದು? ಸಭಾಂಗಣ ಹಿಡಿಯಬೇಕೇ, ಆಪ್ತ ಪ್ರದರ್ಶನ ಸಾಕೇ?

ತುಮಕೂರು: ನನ್ನದು ಉಗ್ಗಿನ ಕಥೆ. ಸಭಾಂಗಣಕ್ಕೆ 8,000, ಈವರೆಗೂ ಮರಳಿ ಬಾರದ ಠೇವಣಿ 5,000, ಬೆಳಕಿನ ಪರಿಕರ ಮತ್ತು ಅದನ್ನು ತಂದ ಟೆಂಪೊಗೆ 9,500, ಧ್ವನಿವರ್ಧಕಕ್ಕೆ 3,000. ಜನರೇಟರ್ ಬಾಡಿಗೆಯಲ್ಲೇ ಸೇರಿದೆ ಎಂದಿದ್ದವರು, ಕರೆಂಟು ಹೋದ ಮೇಲೆ ಡೀಸೆಲ್ ನಿಮ್ಮದೆಂದು ತಿಳಿಸಿದ್ದರಿಂದ ಮತ್ತೆ 1,800. ಒಟ್ಟು 27,300 ರೂಪಾಯಿಗೆ ಪ್ರತಿಯಾಗಿ ಟಿಕೆಟ್ಟಿನಿಂದ ಬಂದದ್ದು 6,400, ಏಕೆಂದರೆ ಮುಂದಿನ ಸಾಲುಗಳನ್ನೆಲ್ಲ ಪಾಸಿನವರೇ ತುಂಬಿದ್ದರು. ಬಾಯಿಪಾಠ ಮಾಡಿದ ಮಾತಿನಲ್ಲಿ ನನಗೆ ಉಗ್ಗು ಬರುವುದಿಲ್ಲವಾದ್ದರಿಂದ, ನನ್ನದೇ ಉಗ್ಗನ್ನು ನಾನು ತಾಲೀಮು ಮಾಡಿ ಆಡಬೇಕಾಯಿತು.

ಹಾಸನ: ನಾನು ಸಭಾಂಗಣದ ಸಹವಾಸಕ್ಕೇ ಹೋಗಲಿಲ್ಲ. ಪರಿಚಿತರ ಜಗುಲಿಗಳಲ್ಲಿ, ಅವರ ಮನೆಯ ಟ್ಯೂಬ್‌ಲೈಟಿನಡಿ, ಅಪ್ಪನ ಕುಡಿತವನ್ನೂ ಅವರು ಅಡವಿಟ್ಟ ಅಮ್ಮನ ಸರವನ್ನೂ ಹೆಸರು ಬದಲಿಸದೆ ಹೇಳಿದೆ. ಅಣ್ಣ ಮಾತು ಬಿಟ್ಟಿದ್ದಾನೆ. ಅತ್ತಿಗೆಯ ಸೀಮಂತಕ್ಕೂ ಕರೆ ಬರಲಿಲ್ಲ. ಹಾಗೆಂದು ಒಂದು ವಾಕ್ಯವನ್ನೂ ತೆಗೆದಿಲ್ಲ, ತೆಗೆಯುವುದೂ ಇಲ್ಲ. ಆದರೆ ಇಲ್ಲದ ಉಗ್ಗನ್ನು ತಾಲೀಮು ಮಾಡಿ ತೋರಿಸಿ ಹಣ ಪಡೆಯುವುದನ್ನು ನಾನು ಆತ್ಮಕಥನವೆನ್ನಲಾರೆ.

ತುಮಕೂರು: ಇಲ್ಲದ ಉಗ್ಗೇ? ಔಷಧಿ ಅಂಗಡಿಯಲ್ಲಿ ಮಾತ್ರೆಯ ಹೆಸರು ಹೇಳಲಾಗದೆ ಚೀಟಿ ಬರೆದುಕೊಟ್ಟವನು ನಾನು, ತಾವಲ್ಲ. ಉತ್ತರ ಹೇಳಲು ತಮ್ಮ ತಂದೆಯವರು ಆ ಜಗುಲಿಯಲ್ಲಿ ಇದ್ದರೇ?

ಮೈಸೂರು: ಇಬ್ಬರೂ ಕಸುಬಿನ ಮಾತನ್ನೇ ಎತ್ತಲಿಲ್ಲ. 2021ರಲ್ಲಿ ಪದ್ಮಶ್ರೀ ಪಡೆದ ಮಂಜಮ್ಮ ಜೋಗತಿಯವರು ತಮ್ಮ ಬದುಕನ್ನು ಹೇಳಿದರೆ ಸಭೆ ಕಿವಿಗೊಡುತ್ತದೆ. ಅವರ ಮಾತಿನ ಹಿಂದೆ ವರ್ಷಗಟ್ಟಲೆ ಕುಣಿದ ಜೋಗತಿ ನೃತ್ಯವಿದೆ. ಬರಿಯ ಸಂಕಟ ರಂಗದ ಮೇಲೆ ನಿಲ್ಲುವುದಿಲ್ಲ. ನನ್ನ ಪ್ರಯೋಗದಲ್ಲಿ ಅಳುವ ದೃಶ್ಯವನ್ನೆಲ್ಲ ಕತ್ತರಿಸಿ, ರೊಟ್ಟಿ ತಟ್ಟುವ ಸದ್ದೊಂದನ್ನೇ ಉಳಿಸಿಕೊಂಡೆ. ಇನ್ನು ಪಾಸಿನ ವಿಷಯ: ಪಾಸು ಹಂಚುವವರೇ ಕಲಾವಿದರ ಹೊಟ್ಟೆಯ ಮೇಲೆ ಹೊಡೆಯುವವರು. ಟಿಕೆಟ್ 500 ರೂಪಾಯಿ ಮೀರದಿದ್ದರೆ ನಾಟಕಕ್ಕೆ ಜಿಎಸ್‌ಟಿಯೂ ಇಲ್ಲ, ಅಂಜಿಕೆ ಏಕೆ?

ಹಾಸನ: ಜಗುಲಿಗೆ ಬರುವ ಕೂಲಿ ಹೆಂಗಸರಿಂದ ಟಿಕೆಟ್ ಕೀಳಬೇಕೆನ್ನುವ ತಮಗೆ ರೊಟ್ಟಿಯ ಸದ್ದು ಮಾತ್ರ ಕೇಳಿಸಿದ್ದು ಸಹಜವೇ.

ಕೇಳಿದವರು: ಬೆಳಕಿನವರು ತೊನ್ನಿನ ಕಲೆಗಳನ್ನು ಪ್ಯಾನ್‌ಕೇಕ್ ಮೇಕಪ್ ಹಚ್ಚಿ ಮುಚ್ಚಿ ಎನ್ನುತ್ತಿದ್ದಾರೆ. ಅದಕ್ಕೆ ಯಾರಾದರೂ ಉತ್ತರಿಸುವಿರಾ?

ಮೈಸೂರು: ಮೊದಲು ಹಾಸನದವರು ತಮ್ಮ ಮಾತನ್ನು ಹಿಂಪಡೆಯಲಿ.