‘ಸಂದೋಕಾನ್’ನ ಮರಿಯಾನ್ನಾ: ಕರೋಲ್ ಆಂಡ್ರೆ ಮುಂದೆ ಏನಾದರು?

ಪ್ರಶ್ನೆ (ಮುಲುಂಡ್, ಮುಂಬೈ)
ಮಾಟುಂಗದ ಮೈಸೂರು ಅಸೋಸಿಯೇಶನ್‌ನಲ್ಲಿ ಇತ್ತೀಚೆಗೆ ನಾಟಕ ಮುಗಿದ ಮೇಲೆ ನಮ್ಮ ಮಾತು ಕಬೀರ್ ಬೇಡಿಯವರತ್ತ ಹೊರಳಿತು. 1976ರಲ್ಲಿ ಇಟಲಿಯ ಸಾರ್ವಜನಿಕ ಟಿವಿ ವಾಹಿನಿ ಪ್ರಸಾರ ಮಾಡಿದ, ಮಲಯದ ಕಡಲುಗಳ್ಳನೊಬ್ಬನ ಕಥೆಯಾದ ‘ಸಂದೋಕಾನ್’ ಧಾರಾವಾಹಿಯಿಂದ ಅವರು ಅಲ್ಲಿ ಮನೆಮಾತಾದದ್ದು ಎಲ್ಲರಿಗೂ ಗೊತ್ತಿತ್ತು. ಆದರೆ ಅದರಲ್ಲಿ ‘ಲಾಬುವಾನಿನ ಮುತ್ತು’ (ಲಾಬುವಾನ್ ಎಂದರೆ ಬೋರ್ನಿಯೊ ಬಳಿಯ ಒಂದು ದ್ವೀಪ) ಎನಿಸಿಕೊಂಡ ಮರಿಯಾನ್ನಾಳ ಪಾತ್ರ ಮಾಡಿದ ಕರೋಲ್ ಆಂಡ್ರೆಯ ಬಗ್ಗೆ ಯಾರಿಗೂ ಎರಡು ಮಾತು ಹೇಳಲಾಗಲಿಲ್ಲ. ಅಷ್ಟೊಂದು ಹೆಸರು ಬಂದ ಮೇಲೂ ಆಕೆ ದೊಡ್ಡ ನಾಯಕಿಯಾಗದೆ ಉಳಿದದ್ದೇಕೆ?

ಉತ್ತರ 1 (ಕೋಥ್ರುಡ್, ಪುಣೆ)
ಆಕೆ ಹುಟ್ಟಿದ್ದು 1953ರಲ್ಲಿ, ಪ್ಯಾರಿಸ್‌ನಲ್ಲಿ; ತಾಯಿ ಗ್ಯಾಬಿ ಆಂಡ್ರೆ ಕೂಡ ನಟಿ. ‘ಸಂದೋಕಾನ್’ ನಿರ್ದೇಶಿಸಿದ ಸೆರ್ಜಿಯೊ ಸೊಲ್ಲಿಮಾ, ನಟರಾದ ಜಾನ್ ಮರಿಯಾ ವೊಲೊಂಟೆ ಮತ್ತು ತೋಮಸ್ ಮಿಲಿಯನ್ ಮುಖಾಮುಖಿಯಾಗುವ 1967ರ ತಮ್ಮ ‘ಫೇಸ್ ಟು ಫೇಸ್’ ಎಂಬ ವೆಸ್ಟರ್ನ್ (ಕೌಬಾಯ್ ಕಥೆಯ) ಚಿತ್ರದಲ್ಲೇ, ಇನ್ನೂ ಹದಿಹರೆಯದಲ್ಲಿದ್ದ ಈಕೆಗೆ ಒಂದು ಪಾತ್ರ ಕೊಟ್ಟಿದ್ದರು. ಹಾಗಾಗಿ ಮರಿಯಾನ್ನಾ ಪಾತ್ರ ಹಠಾತ್ತಾಗಿ ಒಲಿದು ಬಂದ ಅದೃಷ್ಟವಲ್ಲ.

ನನಗೆ ಹೆಚ್ಚು ಮುಖ್ಯವೆನಿಸುವುದು ಇಟಲಿಯ ನಿರ್ದೇಶಕ ವಿಸ್ಕೊಂತಿಯವರ 1971ರ ‘ಡೆತ್ ಇನ್ ವೆನಿಸ್’. ಹೋಟೆಲಿನಲ್ಲಿ ಹುಡುಗ ತಾದ್ಜಿಯೊ ಪಿಯಾನೊದ ಮೇಲೆ ಬೀಥೋವನ್‌ನ ‘ಫ್ಯುರ್ ಎಲೀಸ್’ ನುಡಿಸುತ್ತಾನೆ. ಅದನ್ನು ಕೇಳುತ್ತಲೇ ಚಿತ್ರದ ನಾಯಕ ಪ್ರೊಫೆಸರ್ ಆಶೆನ್‌ಬಾಕ್‌ನ ಮನಸ್ಸು ಹಿಂದಕ್ಕೆ ಹೋಗಿ, ವೇಶ್ಯಾಗೃಹದಲ್ಲಿ ಅದೇ ಸ್ವರಗಳನ್ನು ನುಡಿಸುತ್ತಿದ್ದ ಎಸ್ಮೆರಾಲ್ದಾಳ ಮೇಲೆ ನಿಲ್ಲುತ್ತದೆ. ಆ ಎಸ್ಮೆರಾಲ್ದಾ ಈ ಕರೋಲ್. ಪಾತ್ರ ತೀರಾ ಚಿಕ್ಕದು, ಆದರೆ ಆತ ವೆನಿಸ್‌ಗೆ ಬಂದಿಳಿಯುವ ಹಡಗಿನ ಹೆಸರೂ ಅದೇ ಆಗಿರುವುದರಿಂದ ಆಕೆ ತೆರೆಗೆ ಬರುವ ಮೊದಲೇ ಚಿತ್ರವನ್ನು ಆವರಿಸಿರುತ್ತಾಳೆ.

ಉತ್ತರ 2 (ಮಡಗಾಂವ್, ಗೋವಾ)
ಪುಣೆಯವರು ಹೇಳಿದ್ದು ಸರಿ, ಆದರೆ ಪ್ರಶ್ನೆಗೆ ಉತ್ತರ ಸಿಗಲಿಲ್ಲ. ಕಾರಣವನ್ನು ನಟಿಯಲ್ಲಿ ಹುಡುಕುವುದಕ್ಕಿಂತ ಉದ್ಯಮದಲ್ಲಿ ಹುಡುಕಬೇಕು. ‘ಸಂದೋಕಾನ್’ ಬಂದ 1976ರಲ್ಲೇ ಇಟಲಿಯ ಸಾಂವಿಧಾನಿಕ ನ್ಯಾಯಾಲಯ ಸ್ಥಳೀಯ ಖಾಸಗಿ ಟಿವಿಗೆ ದಾರಿ ಬಿಟ್ಟುಕೊಟ್ಟಿತು. ಮನೆಯಲ್ಲೇ ದಿನಕ್ಕೆ ಹತ್ತಾರು ಸಿನಿಮಾ ಸಿಗತೊಡಗಿದ ಮೇಲೆ, 1975ರಲ್ಲಿ 50 ಕೋಟಿ ದಾಟಿದ್ದ ಚಿತ್ರಮಂದಿರಗಳ ಟಿಕೆಟ್ ಮಾರಾಟ ಹತ್ತು ವರ್ಷಗಳಲ್ಲಿ ಸುಮಾರು 12 ಕೋಟಿಗೆ ಕುಸಿಯಿತು. ಮೊದಲು ನೆಲಕಚ್ಚಿದ್ದು ವೆಸ್ಟರ್ನ್, ಕಡಲುಗಳ್ಳರ ಕಥೆ, ಭಯಾನಕ ಚಿತ್ರಗಳಂಥ ಅಗ್ಗದ ಸರಕೇ. ಆಕೆಯಂಥ ಕಲಾವಿದರ ಅನ್ನ ಅಲ್ಲೇ ಇತ್ತು.

ಸೊಲ್ಲಿಮಾ, ಬೇಡಿ ಮತ್ತು ಕರೋಲ್ 1976ರಲ್ಲೇ ‘ದಿ ಬ್ಲ್ಯಾಕ್ ಕೋರ್ಸೇರ್’ ಚಿತ್ರದಲ್ಲಿ ಮತ್ತೆ ಜೊತೆಯಾದರು. (ಎರಡಕ್ಕೂ ಮೂಲ ಎಮಿಲಿಯೊ ಸಲ್ಗಾರಿಯ ಕಾದಂಬರಿಗಳು, ಮಲಯದ ಮುಖ ನೋಡದೆಯೇ ಆತ ಅಲ್ಲಿನ ಕಾಡುಗಳನ್ನೆಲ್ಲ ಬರೆದ!) ಆದರೆ 1983ರ ಹೊತ್ತಿಗೆ ಆಕೆ ನಿರ್ದೇಶಕ ಮಾರ್ಗರೀತಿಯ ‘ಯೋರ್’ನಲ್ಲಿದ್ದರು. ಶಿಲಾಯುಗದ ವೀರನೊಬ್ಬ ಲೇಸರ್ ಬಂದೂಕುಗಳ ನಡುವೆ ಬಂದು ಬೀಳುವ ಆ ಚಿತ್ರದಲ್ಲಿ ಕೊಡಲಿಗೂ ರೋಬಾಟಿಗೂ ಸಿಕ್ಕಷ್ಟು ಗಮನ ನಟಿಯರಿಗೆ ಸಿಕ್ಕಿಲ್ಲ.

ಉತ್ತರ 3 (ಥಾಣೆ)
ಧ್ವನಿಯ ವಿಷಯವನ್ನೂ ಸೇರಿಸಬೇಕು. ಆ ಕಾಲದ ಇಟಲಿಯಲ್ಲಿ ಚಿತ್ರೀಕರಣದ ನಂತರ ಡಬ್ ಮಾಡುವುದೇ ವಾಡಿಕೆಯಾಗಿತ್ತು, ಎಷ್ಟೋ ಸಲ ಬೇರೆಯವರ ಕಂಠದಲ್ಲಿ. ಆದ್ದರಿಂದ ಹೊರನಾಡಿನಿಂದ ಬಂದ ನಟಿಯರಿಗೆ ಉಳಿಯುತ್ತಿದ್ದುದು ಮುಖ ಮಾತ್ರ, ಅದೂ ವಯಸ್ಸಿರುವಷ್ಟು ದಿನ.

ಆದರೂ ಆಕೆ ಕಣ್ಮರೆಯಾದರೆಂದು ತಿಳಿಯಬೇಡಿ. ನಟನೆ ಬಿಟ್ಟ ಮೇಲೆ ರೋಮ್‌ನ ಚಿನೆಚಿತ್ತಾ ಸ್ಟುಡಿಯೊದ ಮಾರ್ಕೆಟಿಂಗ್ ವಿಭಾಗದಲ್ಲಿ ಹಿರಿಯ ಜವಾಬ್ದಾರಿ ಹೊತ್ತು, ವಿದೇಶಿ ನಿರ್ಮಾಪಕರನ್ನು ಅಲ್ಲಿಗೆ ಕರೆತರುವ ಕೆಲಸ ಮಾಡಿದರು. ನೋಡಲು ಶುರುಮಾಡುವವರು ದಯವಿಟ್ಟು ‘ಯೋರ್’ನಿಂದ ಬೇಡ, ‘ಫೇಸ್ ಟು ಫೇಸ್’ನಿಂದ ಶುರುಮಾಡಿ.