ಒಂಬತ್ತು ತಿಂಗಳ ಮಗುವಿಗೆ ಮೂತ್ರದ ಸೋಂಕು: ಎಂಸಿಯು ಪರೀಕ್ಷೆ ನಿಜವಾಗಿಯೂ ಬೇಕೇ?

ಪ್ರಶ್ನೆ – ಇಬ್ಬರು ಮಕ್ಕಳ ತಾಯಿ, ಹಾಸನ

ಎಲ್ಲರಿಗೂ ನಮಸ್ಕಾರ. ನಮ್ಮ ಒಂಬತ್ತು ತಿಂಗಳ ಮಗನಿಗೆ ಹೋದ ತಿಂಗಳು 103 ಡಿಗ್ರಿಯವರೆಗೆ ಜ್ವರ ಏರಿತ್ತು. ನೆಗಡಿ, ಕೆಮ್ಮು, ಭೇದಿ ಯಾವುದೂ ಇರಲಿಲ್ಲ. ಹಾಲು ಕುಡಿಯುವುದು ಕಡಿಮೆಯಾಗಿತ್ತು, ಆಗಾಗ ವಾಂತಿ ಮಾಡುತ್ತಿದ್ದ. ಹಲ್ಲು ಮೂಡುವ ಸಮಯವಾದ್ದರಿಂದ ಅದರದೇ ಜ್ವರವಿರಬೇಕೆಂದು ಮನೆಯ ಹಿರಿಯರು ಹೇಳಿದರು. ಮೊದಲು ಹತ್ತಿರದ ಕ್ಲಿನಿಕ್ಕಿನಲ್ಲಿ ಚೀಲ ಅಂಟಿಸಿ ಮೂತ್ರ ಹಿಡಿದು ಪರೀಕ್ಷೆಗೆ ಕಳುಹಿಸಿದಾಗ ಹಲವು ಬಗೆಯ ಬ್ಯಾಕ್ಟೀರಿಯಾ ಬೆರೆತು ಬೆಳೆದಿವೆ ಎಂಬ ವರದಿ ಬಂತು. ಬಳಿಕ ಮಕ್ಕಳ ತಜ್ಞರು ಮೂತ್ರದ ದಾರಿಯಲ್ಲಿ ಸಣ್ಣ ಕೊಳವೆ (ಕ್ಯಾತಿಟರ್) ಹಾಕಿ ತೆಗೆದ ಮೂತ್ರದಲ್ಲಿ ಇ. ಕೋಲೈ ಎಂಬ ಬ್ಯಾಕ್ಟೀರಿಯಾ ಒಂದು ಲಕ್ಷಕ್ಕೂ ಹೆಚ್ಚಿನ ಪ್ರಮಾಣದಲ್ಲಿ ಬೆಳೆದಿತ್ತು. ಔಷಧಿ ಮುಗಿದಿದ್ದು, ಮಗು ಈಗ ಲವಲವಿಕೆಯಿಂದಿದ್ದಾನೆ.

ಆದರೆ ಅಲ್ಟ್ರಾಸೌಂಡಿನಲ್ಲಿ ಎಡ ಮೂತ್ರಪಿಂಡ ಸ್ವಲ್ಪ ಊದಿದೆ, ಅದರ ಕೆಳಗಿನ ಮೂತ್ರನಾಳವೂ ಹಿಗ್ಗಿದೆ ಎಂದು ಬರೆದಿದ್ದಾರೆ. ಎಂಸಿಯು ಎಂಬ ಎಕ್ಸ್‌ರೇ ಪರೀಕ್ಷೆ ಮಾಡಿಸಬೇಕೆಂದು ವೈದ್ಯರು ಸೂಚಿಸಿದ್ದಾರೆ. ಮಗು ಗುಣವಾಗಿರುವಾಗ ಮತ್ತೆ ಕ್ಯಾತಿಟರ್ ಹಾಕಿಸಿ, ಎಕ್ಸ್‌ರೇಗೆ ಒಡ್ಡುವುದು ಏಕೆ ಎಂದು ಮನೆಯಲ್ಲಿ ಎಲ್ಲರೂ ಕೇಳುತ್ತಿದ್ದಾರೆ. ಮೊದಲ ಸೋಂಕಿಗೆ ಈ ಪರೀಕ್ಷೆ ಬೇಡವೆಂದು ಅಮೆರಿಕದ ವೈದ್ಯರೇ ಹೇಳಿದ್ದಾರೆಂದು ನಾನೂ ಓದಿದೆ. ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ 1 – ಮಕ್ಕಳ ವೈದ್ಯ, ಶಿವಮೊಗ್ಗ

ನೀವು ಓದಿದ್ದು ತಪ್ಪಲ್ಲ, ಆದರೆ ಆ ಮಾತು ಅಲ್ಲಿಗೇ ಮುಗಿಯುವುದಿಲ್ಲ. ಎರಡು ತಿಂಗಳಿನಿಂದ ಎರಡು ವರ್ಷದೊಳಗಿನ ಮಕ್ಕಳಿಗೆ ಜ್ವರದೊಂದಿಗೆ ಮೊದಲ ಬಾರಿ ಮೂತ್ರದ ಸೋಂಕು ಬಂದಾಗ ಎಲ್ಲರಿಗೂ ಎಂಸಿಯು ಮಾಡಬೇಕಾಗಿಲ್ಲ ಎಂದು ಅಮೆರಿಕದ ಮಕ್ಕಳ ತಜ್ಞರ ಅಕಾಡೆಮಿ 2011ರಲ್ಲಿ ಹೇಳಿತು. ಅದೇ ಮಾರ್ಗಸೂಚಿಯಲ್ಲಿ, ಅಲ್ಟ್ರಾಸೌಂಡಿನಲ್ಲಿ ಮೂತ್ರಪಿಂಡದ ಊತವೋ, ಕಲೆಯೋ, ಅಡಚಣೆಯ ಸುಳಿವೋ ಕಂಡುಬಂದರೆ, ಅಥವಾ ಸೋಂಕು ಮರುಕಳಿಸಿದರೆ, ಎಂಸಿಯು ಮಾಡಬೇಕೆಂದೂ ಇತ್ತು. ನಿಮ್ಮ ಮಗನ ವರದಿಯಲ್ಲಿ ಮೂತ್ರಪಿಂಡ ಮತ್ತು ಮೂತ್ರನಾಳ ಎರಡೂ ಹಿಗ್ಗಿರುವುದರಿಂದ ಅವನು ಈ ಎರಡನೆಯ ಗುಂಪಿಗೆ ಸೇರುತ್ತಾನೆ.

ಮೂತ್ರಪಿಂಡ ಮಾತ್ರ ಊದಿ ಮೂತ್ರನಾಳ ಸಹಜವಾಗಿದ್ದರೆ, ಅವೆರಡೂ ಸೇರುವ ಜಾಗದಲ್ಲಿ, ಅಂದರೆ ನಾವು ಪಿಯುಜೆ ಎನ್ನುವಲ್ಲಿ, ತಡೆಯಿದೆಯೇ ಎಂದು ಮೊದಲು ಯೋಚಿಸುತ್ತೇವೆ. ನಾಳವೂ ಹಿಗ್ಗಿದೆಯೆಂದರೆ ಕಾರಣ ಇನ್ನೂ ಕೆಳಗಿರಬೇಕು. ಮೂತ್ರಕೋಶಕ್ಕಿಳಿದ ಮೂತ್ರ ಮತ್ತೆ ಮೇಲಕ್ಕೆ ಹರಿಯುವ ರಿಫ್ಲಕ್ಸ್ ಅದಾಗಿರಬಹುದು, ನಾಳವು ಮೂತ್ರಕೋಶವನ್ನು ಸೇರುವಲ್ಲಿನ ತಡೆಯಾಗಿರಬಹುದು. ಗಂಡು ಮಗುವಾದ್ದರಿಂದ ಮೂತ್ರ ಹೊರಬರುವ ದಾರಿಯಲ್ಲಿ ಹುಟ್ಟಿನಿಂದಲೇ ಇರುವ ಪೊರೆಯಂಥ ಕವಾಟವನ್ನೂ ಮರೆಯುವಂತಿಲ್ಲ. ಕವಾಟವಿದ್ದಲ್ಲಿ ಸಾಮಾನ್ಯವಾಗಿ ಎರಡೂ ಕಡೆಯ ಮೂತ್ರಪಿಂಡಗಳು ಊದಿರುತ್ತವೆ, ಮೂತ್ರಕೋಶದ ಗೋಡೆ ದಪ್ಪಗಾಗಿರುತ್ತದೆ. ನಿಮ್ಮ ವರದಿಯಲ್ಲಿ ಅಂಥದ್ದೇನೂ ಇಲ್ಲದಿರುವುದು ಸಮಾಧಾನದ ವಿಷಯ. ಆದರೂ ಮಗು ಮೂತ್ರ ಮಾಡುವಾಗ ಧಾರೆ ದೂರಕ್ಕೆ ಚಿಮ್ಮುತ್ತದೆಯೇ, ಇಲ್ಲವೇ ಮುಕ್ಕಿರಿದು ಹನಿಹನಿಯಾಗಿ ಬೀಳುತ್ತದೆಯೇ ಎಂಬುದನ್ನು ಗಮನಿಸಿ ವೈದ್ಯರಿಗೆ ತಿಳಿಸಿ. ತಾಯಿಯ ಕಣ್ಣಿಗೆ ಬೀಳುವ ಈ ಒಂದು ಸಂಗತಿ ನಮಗೆ ಬಹಳ ನೆರವಾಗುತ್ತದೆ.

ಅಲ್ಟ್ರಾಸೌಂಡ್ ಆಕಾರವನ್ನು ತೋರಿಸುತ್ತದೆಯೇ ಹೊರತು ಮೂತ್ರ ಹಿಂದಕ್ಕೆ ಹರಿಯುವುದನ್ನಲ್ಲ. ಎಂಸಿಯುನಲ್ಲಿ ಸಣ್ಣ ಕ್ಯಾತಿಟರ್ ಮೂಲಕ ಮೂತ್ರಕೋಶಕ್ಕೆ ಎಕ್ಸ್‌ರೇಯಲ್ಲಿ ಕಾಣುವ ದ್ರವವನ್ನು ತುಂಬಿಸಿ, ಮಗು ಮೂತ್ರ ಮಾಡುವಾಗ ಚಿತ್ರ ತೆಗೆಯುತ್ತಾರೆ. ರಿಫ್ಲಕ್ಸ್ ಇದ್ದರೆ ಅದು 1ರಿಂದ 5ರವರೆಗಿನ ಯಾವ ದರ್ಜೆಯದು ಎಂಬುದೂ, ಮೂತ್ರದ ಹೊರದಾರಿ ಸರಿಯಾಗಿದೆಯೇ ಎಂಬುದೂ ಒಂದೇ ಪರೀಕ್ಷೆಯಲ್ಲಿ ತಿಳಿಯುತ್ತವೆ. ಜ್ವರದೊಂದಿಗೆ ಮೂತ್ರದ ಸೋಂಕು ಬಂದ ಮಕ್ಕಳಲ್ಲಿ ಸುಮಾರು ಮೂರರಲ್ಲಿ ಒಬ್ಬರಿಗೆ ರಿಫ್ಲಕ್ಸ್ ಇರುತ್ತದೆ. ಅವುಗಳಲ್ಲಿ ಬಹುಪಾಲು ಕೆಳ ದರ್ಜೆಯವು, ಮಗು ಬೆಳೆದಂತೆ ತಾನಾಗಿಯೇ ಹೋಗುವಂಥವು. ಆದರೆ ಮೇಲಿನ ದರ್ಜೆಯದಿದ್ದು ಸೋಂಕು ಪದೇಪದೇ ಮೂತ್ರಪಿಂಡಕ್ಕೇರಿದರೆ ಅಲ್ಲಿ ಕಲೆ ಉಳಿಯುತ್ತದೆ, ಮುಂದೆ ರಕ್ತದೊತ್ತಡಕ್ಕೂ ಮೂತ್ರಪಿಂಡದ ದೌರ್ಬಲ್ಯಕ್ಕೂ ಅದು ಕಾರಣವಾಗಬಹುದು. ಮಗು ಆಟವಾಡುತ್ತಿದ್ದಾನೆಂಬುದರಿಂದ ಇದನ್ನು ಅಳೆಯಲು ಬರುವುದಿಲ್ಲ.

ಎಕ್ಸ್‌ರೇ ಬಗ್ಗೆ ನಿಮ್ಮ ಆತಂಕ ಸಹಜವಾದದ್ದೇ. ಇಂದಿನ ಯಂತ್ರಗಳಲ್ಲಿ ಕಿರಣವನ್ನು ಬಿಟ್ಟುಬಿಟ್ಟು ಹಾಯಿಸುವುದರಿಂದ ಅದರ ಪ್ರಮಾಣ ಬಹಳಷ್ಟು ತಗ್ಗಿದೆ. ಮಕ್ಕಳಿಗೆ ನಿತ್ಯವೂ ಈ ಪರೀಕ್ಷೆ ಮಾಡುವ ಕೇಂದ್ರವನ್ನೇ ಆರಿಸಿಕೊಳ್ಳಿ. ಸೋಂಕು ಪೂರ್ತಿ ಹೋದ ಮೇಲೆಯೇ ಮಾಡಿಸಬೇಕು. ಪರೀಕ್ಷೆಯ ಹಿಂದಿನ ದಿನ, ಅಂದು ಮತ್ತು ಮರುದಿನ ಕೊಡುವ ಆ್ಯಂಟಿಬಯೋಟಿಕ್ ಅನ್ನು ತಪ್ಪಿಸಬೇಡಿ.

ಉತ್ತರ 2 – ಸೂಕ್ಷ್ಮಜೀವಿ ಪ್ರಯೋಗಾಲಯದ ಉದ್ಯೋಗಿ

ಮೇಡಂ, ನಿಮ್ಮ ಮೊದಲ ವರದಿಯ ಬಗ್ಗೆ ಒಂದು ಮಾತು. ಚೀಲದಲ್ಲಿ ಹಿಡಿದ ಮೂತ್ರಕ್ಕೆ ಚರ್ಮದ ಮೇಲಿನ ಮತ್ತು ಮಲದ ಬ್ಯಾಕ್ಟೀರಿಯಾಗಳು ಸುಲಭವಾಗಿ ಸೇರುತ್ತವೆ. ಆ ಮೂತ್ರದಲ್ಲಿ ಏನೂ ಬೆಳೆಯದಿದ್ದರೆ ಸೋಂಕಿಲ್ಲವೆಂದು ನಂಬಬಹುದು, ಬೆಳೆದರೆ ಮಾತ್ರ ನಂಬಲಾಗದು. ಅಂಥ ವರದಿಯನ್ನು ಆಧರಿಸಿ ಎಷ್ಟೋ ಮಕ್ಕಳಿಗೆ ಬೇಡದ ಔಷಧಿ ಸಿಗುತ್ತದೆ. ಇದಕ್ಕಿಂತಲೂ ನನಗೆ ಹೆಚ್ಚು ನೋವಾಗುವುದು, ಆ್ಯಂಟಿಬಯೋಟಿಕ್ ಶುರುವಾದ ಮೇಲೆ ಕಲ್ಚರಿಗೆ, ಅಂದರೆ ಬ್ಯಾಕ್ಟೀರಿಯಾವನ್ನು ಬೆಳೆಸಿ ನೋಡುವ ಪರೀಕ್ಷೆಗೆ, ಬರುವ ಮಾದರಿಗಳನ್ನು ಕಂಡಾಗ: ಅದರಲ್ಲಿ ಏನೂ ಬೆಳೆಯುವುದಿಲ್ಲ, ಮಗುವಿಗೆ ಸೋಂಕಿತ್ತೋ ಇಲ್ಲವೋ ಎಂಬುದು ಎಂದಿಗೂ ತಿಳಿಯದೆ ಉಳಿಯುತ್ತದೆ. ನಿಮ್ಮ ವೈದ್ಯರು ಕ್ಯಾತಿಟರ್ ಹಾಕಿ ಮೂತ್ರ ತೆಗೆದದ್ದರಿಂದಲೇ ರೋಗ ಖಚಿತವಾಯಿತು.

ಕ್ಯಾತಿಟರ್ ಬೇಡವೆನಿಸಿದಾಗ, ಮಗುವಿಗೆ ಹಾಲು ಕುಡಿಸಿ, ಜಾಗವನ್ನು ತೊಳೆದು, ಕಿಬ್ಬೊಟ್ಟೆಯ ಮೇಲೆ ತಣ್ಣೀರಿನಲ್ಲಿ ಅದ್ದಿದ ಗಾಜ್ ಬಟ್ಟೆಯಿಂದ ಐದು ನಿಮಿಷ ಮೃದುವಾಗಿ ಉಜ್ಜಿದರೆ ಕೆಲವು ಮಕ್ಕಳು ಮೂತ್ರ ಮಾಡುತ್ತಾರೆ. ಬೀಳುತ್ತಿರುವ ಧಾರೆಯನ್ನು ಸ್ಟೆರೈಲ್ ಡಬ್ಬಿಯಲ್ಲಿ ಹಿಡಿಯಬಹುದು. ಡಬ್ಬಿಯನ್ನು ಒಂದು ಗಂಟೆಯೊಳಗೆ ಪ್ರಯೋಗಾಲಯಕ್ಕೆ ತಲುಪಿಸಬೇಕು, ಇಲ್ಲದಿದ್ದರೆ 4 ಡಿಗ್ರಿ ಸೆಲ್ಸಿಯಸ್ಸಿನ ಫ್ರಿಜ್ಜಿನಲ್ಲಿಡಬೇಕು. ಅನುಕೂಲ ಸಿಕ್ಕರೆ ಇ. ಕೋಲೈ ಇಪ್ಪತ್ತು ನಿಮಿಷಕ್ಕೊಮ್ಮೆ ಇಮ್ಮಡಿಸುತ್ತದೆ, ಹಾಗಾಗಿ ಬಿಸಿಲಿನಲ್ಲಿ ಬೈಕಿನ ಡಿಕ್ಕಿಯಲ್ಲಿ ಬಂದ ಡಬ್ಬಿಯಲ್ಲಿನ ಬ್ಯಾಕ್ಟೀರಿಯಾಗಳ ಲೆಕ್ಕ ಮಗುವಿನ ಸ್ಥಿತಿಯನ್ನು ಹೇಳುವುದಿಲ್ಲ.

ಉತ್ತರ 3 – ರಿಫ್ಲಕ್ಸ್ ಇದ್ದ ಮಗುವಿನ ತಂದೆ, ಬೆಂಗಳೂರು

ನಮ್ಮ ಮಗಳಿಗೆ ಒಂದೂವರೆ ವರ್ಷವಿದ್ದಾಗ ಇದೇ ಪರೀಕ್ಷೆಯಾಯಿತು. ಬಲಗಡೆ 3ನೇ ದರ್ಜೆಯ ರಿಫ್ಲಕ್ಸ್ ಇತ್ತು. ಅರಿವಳಿಕೆ ಕೊಡಲಿಲ್ಲ. ಅವಳ ತಾಯಿ ಸೀಸದ ಏಪ್ರನ್ ತೊಟ್ಟು ಪಕ್ಕದಲ್ಲೇ ನಿಂತಿದ್ದಳು. ಗರ್ಭಿಣಿಯಾಗಿದ್ದರೆ ಒಳಗೆ ಬಿಡುವುದಿಲ್ಲ, ಆದ್ದರಿಂದ ಮೊದಲೇ ಯೋಚಿಸಿಕೊಳ್ಳಿ. ಕ್ಯಾತಿಟರ್ ಹಾಕುವಾಗ ಅತ್ತಳು, ಮುಗಿದ ಮೇಲೆ ಮೂತ್ರ ಮಾಡಲು ಸ್ವಲ್ಪ ಹೊತ್ತು ಹಿಂಜರಿದಳು.

ಆ ಬಳಿಕ ರಾತ್ರಿ ಮಲಗುವ ಮುನ್ನ ಕಡಿಮೆ ಪ್ರಮಾಣದ ಕೋ-ಟ್ರೈಮೊಕ್ಸಜೋಲ್ ಕೊಡಲು ಹೇಳಿದರು. ಇಷ್ಟು ದೀರ್ಘ ಕಾಲ ಆ್ಯಂಟಿಬಯೋಟಿಕ್ ಕೊಡುವುದೇ ಎಂದು ನಾನು ಅಂಜಿದಾಗ, ವೈದ್ಯರು ಅಮೆರಿಕದಲ್ಲಿ 607 ಮಕ್ಕಳ ಮೇಲೆ ನಡೆದು 2014ರಲ್ಲಿ ಪ್ರಕಟವಾದ ಅಧ್ಯಯನದ ಫಲಿತಾಂಶಗಳನ್ನು ತಾಳ್ಮೆಯಿಂದ ವಿವರಿಸಿದರು. ಔಷಧಿ ತೆಗೆದುಕೊಂಡ ಮಕ್ಕಳಲ್ಲಿ ಸೋಂಕು ಮರುಕಳಿಸುವುದು ಸುಮಾರು ಅರ್ಧಕ್ಕಿಳಿಯಿತು, ಆದರೆ ಮೂತ್ರಪಿಂಡದಲ್ಲಿ ಕಲೆಯಾಗುವ ಪ್ರಮಾಣದಲ್ಲಿ ವ್ಯತ್ಯಾಸ ಕಾಣಲಿಲ್ಲ, ಮತ್ತೆ ಇ. ಕೋಲೈ ಸೋಂಕು ಬಂದವರಲ್ಲಿ ಆ ಔಷಧಿಗೆ ಬಗ್ಗದ ತಳಿ ಸಿಕ್ಕಿದ್ದು ಔಷಧಿ ಪಡೆದವರಲ್ಲಿ ಶೇ. 63, ಪಡೆಯದವರಲ್ಲಿ ಶೇ. 19. ಲಾಭ ನಷ್ಟ ಎರಡನ್ನೂ ಹೀಗೆ ಮುಂದಿಟ್ಟ ಮೇಲೆ ನಾವು ಒಪ್ಪಿಕೊಂಡೆವು. ನಿಮ್ಮ ವೈದ್ಯರನ್ನೂ ಇದೇ ರೀತಿ ಕೇಳಿ; ಕೇಳುವುದು ಅಗೌರವವಲ್ಲ. ನಮ್ಮ ಮಗಳ ವಿಷಯದಲ್ಲಿ ಅಷ್ಟೇ ಮುಖ್ಯವಾದ ಚಿಕಿತ್ಸೆ ಮಲಬದ್ಧತೆಯದಾಗಿತ್ತು. ಅದು ಹತೋಟಿಗೆ ಬಂದ ಮೇಲೆ ಸೋಂಕು ಮರಳಿ ಬಂದಿಲ್ಲ.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ಹೃತ್ಪೂರ್ವಕ ಧನ್ಯವಾದಗಳು. ಪರೀಕ್ಷೆ ಮಾಡಿಸಲು ನಿರ್ಧರಿಸಿದ್ದೇವೆ. ಇನ್ನೂ ಕೆಲವು ಸಂಶಯಗಳಿವೆ. ಮಗನ ಮುಂದೊಗಲು ಹಿಂದಕ್ಕೆ ಸರಿಯುವುದಿಲ್ಲ. ದಿನವೂ ಎಣ್ಣೆ ಹಚ್ಚಿ ಎಳೆಯಬೇಕೆಂದು ಅತ್ತೆಯವರು ಹೇಳುತ್ತಾರೆ. ಉಷ್ಣ ಇಳಿಯಲೆಂದು ಬಾರ್ಲಿ ನೀರನ್ನೂ ಬಾಳೆದಿಂಡಿನ ರಸವನ್ನೂ ಕೊಡಬಹುದೇ? ಐದು ವರ್ಷದ ಮಗಳು ಶಾಲೆಯ ಶೌಚಾಲಯ ಚೆನ್ನಾಗಿಲ್ಲವೆಂದು ಮನೆಗೆ ಬರುವವರೆಗೂ ಮೂತ್ರ ಕಟ್ಟಿಕೊಂಡಿರುತ್ತಾಳೆ. ಮಲ ವಿಸರ್ಜನೆಯೂ ಮೂರು ನಾಲ್ಕು ದಿನಕ್ಕೊಮ್ಮೆ. ಅವಳಿಗೂ ಪರೀಕ್ಷೆ ಮಾಡಿಸಬೇಕೇ?

ಉತ್ತರ 4 – ಮಕ್ಕಳ ಶಸ್ತ್ರಚಿಕಿತ್ಸಕಿ

ಮುಂದೊಗಲನ್ನು ದಯವಿಟ್ಟು ಎಳೆಯಬೇಡಿ. ಈ ವಯಸ್ಸಿನಲ್ಲಿ ಅದು ಅಂಟಿಕೊಂಡಿರುವುದು ಪ್ರಕೃತಿಸಹಜ. ಬಲವಂತದಿಂದ ಎಳೆದರೆ ಚರ್ಮ ಸೀಳಿ, ಗಾಯ ಮಾಯುವಾಗ ನಿಜವಾದ ಬಿಗಿತ ಉಂಟಾಗುತ್ತದೆ. ಹಿಂದೆ ಸರಿದ ತೊಗಲು ಅಲ್ಲಿಯೇ ಸಿಕ್ಕಿಕೊಂಡು ಊದಿದ ಸ್ಥಿತಿಯಲ್ಲಿ ಮಕ್ಕಳನ್ನು ತುರ್ತಾಗಿ ಕರೆತರುವುದನ್ನು ನಾವು ನೋಡುತ್ತಲೇ ಇದ್ದೇವೆ. ಸ್ನಾನದಲ್ಲಿ ಹೊರಗಿನಿಂದ ತೊಳೆದರೆ ಸಾಕು. ಮೊದಲ ವರ್ಷದಲ್ಲಿ ಸುನ್ನತಿಯಾಗದ ಹುಡುಗರಿಗೆ ಸೋಂಕಿನ ಸಾಧ್ಯತೆ ಹೆಚ್ಚೆಂಬುದು ನಿಜ. ಆದರೆ 2005ರಲ್ಲಿ ಪ್ರಕಟವಾದ ಒಂದು ವಿಶ್ಲೇಷಣೆಯ ಪ್ರಕಾರ, ಆರೋಗ್ಯವಂತ ಹುಡುಗರಲ್ಲಿ ಒಂದು ಸೋಂಕನ್ನು ತಡೆಯಲು 111 ಮಂದಿಗೆ ಸುನ್ನತಿ ಮಾಡಬೇಕಾಗುತ್ತದೆ. ಮೇಲಿನ ದರ್ಜೆಯ ರಿಫ್ಲಕ್ಸ್ ಇರುವವರಲ್ಲಿ ಕೇವಲ ನಾಲ್ವರಿಗೆ. ಆದ್ದರಿಂದ ಆ ಮಾತನ್ನು ಎಂಸಿಯು ವರದಿ ಬಂದ ಮೇಲೆ ಆಡಬಹುದು.

ಒಂಬತ್ತು ತಿಂಗಳ ಮಗುವಿಗೆ ಎದೆಹಾಲಿನ ಜೊತೆ ಸ್ವಲ್ಪ ಕುದಿಸಿ ಆರಿಸಿದ ನೀರು ಸಾಕು. ಬಾರ್ಲಿ ನೀರಿನಿಂದ ಕೇಡಿಲ್ಲ, ಸೋಂಕೂ ಗುಣವಾಗದು. ಬಾಳೆದಿಂಡಿನ ರಸ ಇಷ್ಟು ಎಳೆಯ ಮಗುವಿಗೆ ಬೇಡ.

ಮಗಳ ವಿಷಯವನ್ನು ಲಘುವಾಗಿ ಕಾಣಬೇಡಿ. ರಿಫ್ಲಕ್ಸ್ ಇರುವ ಮಗುವಿನ ಒಡಹುಟ್ಟಿದವರಲ್ಲಿ ಸುಮಾರು ನಾಲ್ವರಲ್ಲಿ ಒಬ್ಬರಿಗೆ ಅದು ಇರುತ್ತದೆ. ತಮ್ಮನಿಗೆ ರಿಫ್ಲಕ್ಸ್ ಖಚಿತವಾದರೆ ಅವಳಿಗೆ ಒಂದು ಅಲ್ಟ್ರಾಸೌಂಡ್ ಮಾಡಿಸಿ. ಇದುವರೆಗೆ ಸೋಂಕೇ ಬಾರದ ಐದು ವರ್ಷದ ಹುಡುಗಿಗೆ ನೇರವಾಗಿ ಎಂಸಿಯು ಬೇಕಾಗಿಲ್ಲ. ನನಗೆ ಹೆಚ್ಚು ಕಳವಳ ತರುವುದು ಅವಳ ಅಭ್ಯಾಸ. ಮೂತ್ರ ಕಟ್ಟಿಕೊಂಡಷ್ಟೂ ಬ್ಯಾಕ್ಟೀರಿಯಾಗಳಿಗೆ ಬೆಳೆಯಲು ಕಾಲ ಸಿಗುತ್ತದೆ, ಗಟ್ಟಿಯಾದ ಮಲ ತುಂಬಿದ ಗುದನಾಳವು ಮೂತ್ರಕೋಶವನ್ನು ಒತ್ತಿ ಅದು ಪೂರ್ತಿ ಖಾಲಿಯಾಗದಂತೆ ಮಾಡುತ್ತದೆ. ಎರಡು ಮೂರು ಗಂಟೆಗೊಮ್ಮೆ ಕಡ್ಡಾಯವಾಗಿ ಮೂತ್ರಕ್ಕೆ ಕಳುಹಿಸುವಂತೆ ಶಾಲೆಯ ಟೀಚರಿಗೆ ವೈದ್ಯರಿಂದ ಚೀಟಿ ಬರೆಸಿಕೊಡಿ, ಶೌಚಾಲಯದ ಸ್ವಚ್ಛತೆಯ ಬಗ್ಗೆ ಇತರ ಪೋಷಕರನ್ನೂ ಸೇರಿಸಿಕೊಂಡು ಮಾತನಾಡಿ. ಕಮೋಡ್ ಬಳಸುವುದಾದರೆ ಕಾಲು ತೂಗಾಡದಂತೆ ಕೆಳಗೊಂದು ಮಣೆ ಇಡಿ. ಮಲಬದ್ಧತೆಗೆ ಮಕ್ಕಳ ವೈದ್ಯರು ಔಷಧಿ ಕೊಟ್ಟರೆ ಒಂದು ವಾರಕ್ಕೇ ನಿಲ್ಲಿಸಬೇಡಿ, ಅಭ್ಯಾಸ ಮರಳಲು ತಿಂಗಳುಗಳೇ ಬೇಕು.

ಮಗನಿಗೆ ಮುಂದೆ ಯಾವಾಗ ಜ್ವರ ಬಂದರೂ, ಹಲ್ಲಿನದೆಂದೋ ನೆಗಡಿಯದೆಂದೋ ಕಾಯದೆ, ಅಂದೇ ಮೂತ್ರ ಪರೀಕ್ಷೆ ಮಾಡಿಸಿ. ಚಿಕಿತ್ಸೆ ಆರಂಭವಾಗಲು 48 ಗಂಟೆಗಿಂತ ತಡವಾದಷ್ಟೂ ಮೂತ್ರಪಿಂಡದಲ್ಲಿ ಕಲೆ ಉಳಿಯುವ ಸಾಧ್ಯತೆ ಹೆಚ್ಚುತ್ತದೆ. ಹಳೆಯ ವರದಿಗಳನ್ನೆಲ್ಲ ಒಂದು ಫೈಲಿನಲ್ಲಿಟ್ಟು, ಊರಿಗೆ ಹೋಗುವಾಗಲೂ ಜೊತೆಗೊಯ್ಯಿರಿ. ಬೇರೆ ವೈದ್ಯರನ್ನು ಕಾಣಬೇಕಾಗಿ ಬಂದರೆ ಹಿಂದಿನ ಕಲ್ಚರಿನಲ್ಲಿ ಯಾವ ಔಷಧಿ ಕೆಲಸ ಮಾಡಿತ್ತೆಂಬುದನ್ನು ಅವರು ನೋಡಬೇಕಾಗುತ್ತದೆ.